ಬಾರಿಸದ ಗಂಟೆ

"ಇಕ್ಕಳಾ, ಕೆಳಗೆ ಬದುಕಿದ್ದೀಯೋ ಇಲ್ಲವೋ? ಒಂದು ಹೂಂ ಅನ್ನೋಕೆ ಏನು ಕಷ್ಟ ನಿನಗೆ?"

ಎರಕದ ಗುಂಡಿಯ ಅಂಚಿನಲ್ಲಿ ನಿಂತು ಅಮ್ಮ ಕೂಗಿದಳು. ಅಮ್ಮನ ಕೂಗು ಎಂದರೆ ಕೂಗೇ. ಗಂಟೆಗಳ ನಡುವೆ ಬದುಕಿ ಅವಳ ಕಿವಿ ಮಂದವಾಗಿತ್ತು. ಊರೆಲ್ಲ ತನ್ನ ಮುಂದೆ ಬೇಕೆಂದೇ ಪಿಸುಗುಟ್ಟುತ್ತಿದೆ ಎಂದು ಅವಳ ದೂರು. ಹಾಗಾಗಿ ಊರಿನವರ ಪಾಲಿನ ಸದ್ದನ್ನೂ ತಾನೇ ಮಾಡುತ್ತಿದ್ದಳು.

"ಹೂಂ!" ಎಂದು ಇಕ್ಕಳ ಕೆಳಗಿನಿಂದ ಅರಚಿದಳು.

"ಏನು?"

"ಹೂಂ ಅಂದೆ!"

"ಅಷ್ಟು ಕೂಗಬೇಡ, ನನಗೇನು ಕಿವುಡಾ?"

ಇಕ್ಕಳ ನಕ್ಕಳು. ಕಳೆದೊಂದು ವಾರದಲ್ಲಿ ಅವಳು ನಕ್ಕದ್ದು ಇದೇ ಮೊದಲು. ಹೊಸ ಗೋಪುರಕ್ಕೆಂದು ಅಕ್ಕ ಎರೆದ ದೊಡ್ಡ ಗಂಟೆ ಊರವರೆಲ್ಲರ ಎದುರು ಮೊದಲ ಪೆಟ್ಟಿಗೇ ಸೀಳು ಬಿಟ್ಟಿತ್ತು. ಇವತ್ತು ಬೀದಿಯ ದೀಪ ಹಚ್ಚುವ ಹೊತ್ತಿಗೆ ಎರಕದವರ ಸಂಘ ಬಂದು ಅಕ್ಕನ ಸುತ್ತಿಗೆಯನ್ನು ಕಿತ್ತುಕೊಳ್ಳಲಿತ್ತು.

ಸುತ್ತಿಗೆ ಹೋದರೆ ಎರಕ ಹೋಯಿತು, ಬದುಕಿರುವವರೆಗೆ. ಅಚ್ಚಿನೊಳಗಿನ ಲೋಹದ ಎದೆ ಆರುವ ಮೊದಲೇ ಅವಸರಪಟ್ಟು ಅಚ್ಚು ಒಡೆದಳು ಎನ್ನುವುದು ಅಕ್ಕನ ಮೇಲಿನ ಆರೋಪ. "ತಪ್ಪಾಯ್ತು" ಎಂದು ಒಂದು ಮಾತು ಹೇಳಿದ್ದರೆ ಒಂದು ವರ್ಷ ಕುಲುಮೆಯಿಂದ ದೂರವಿಟ್ಟು ಬಿಡುತ್ತಿದ್ದರು. ಸಂಘದ ಸಭೆಯಲ್ಲಿ ಅಕ್ಕ ಎದ್ದು ನಿಂತು ಹೇಳಿದ್ದು ಬೇರೆಯೇ.

"ಆ ಗಂಟೆಗೆ ಎಷ್ಟು ಹೊತ್ತು ಕೊಡಬೇಕೋ ಅಷ್ಟನ್ನೂ ಕೊಟ್ಟಿದ್ದೀನಿ. ಮಾಡದ ತಪ್ಪಿಗೆ ತಪ್ಪಾಯ್ತು ಅನ್ನೋ ನಾಲಿಗೆ ನನ್ನ ಬಾಯಲ್ಲಿಲ್ಲ."

ಸಭೆಯ ಹಿಂದಿನ ಬೆಂಚಿನಲ್ಲಿ ಕೂತಿದ್ದ ಇಕ್ಕಳ ಹೆಮ್ಮೆಯಿಂದ ಬೀಗಿದ್ದಳು. ಇವಳು ನಮ್ಮಕ್ಕ ಎಂದು ಪಕ್ಕದಲ್ಲಿದ್ದ ಅಪರಿಚಿತನ ಭುಜ ಅಲುಗಿಸಿ ಹೇಳಬೇಕೆನಿಸಿತ್ತು. ಹೇಳಿಯೂ ಇದ್ದಳು. ಆತ ಪಾಪ, ಎದ್ದು ಬೇರೆ ಬೆಂಚಿಗೆ ಹೋಗಿ ಕೂತ.

ಚಿಕ್ಕವಳಿದ್ದಾಗ ಅಪ್ಪನ ಅಂಗಿಯ ಚುಂಗು ಹಿಡಿದರೆ ಬಿಡುತ್ತಿರಲಿಲ್ಲವೆಂದು ಅಪ್ಪನೇ ಇಟ್ಟ ಹೆಸರು ಇಕ್ಕಳ. ದೊಡ್ಡವಳಾದ ಮೇಲೆ ಅವಳು ಕುಲುಮೆ ಬಿಟ್ಟು ಪತ್ತೇದಾರಿಕೆ ಹಿಡಿದಳು. ಹೆಸರು ಮಾತ್ರ ಅವಳನ್ನು ಬಿಡಲಿಲ್ಲ.

ಈಗ ಗುಂಡಿಯ ತಳದಲ್ಲಿ ಮಂಡಿಯೂರಿ ಅವಳು ಮಣ್ಣನ್ನು ನೋಡುತ್ತಿದ್ದಳು. ಅಚ್ಚಿನ ಸುತ್ತ ಮೆತ್ತಿದ್ದ ಜೇಡಿಮಣ್ಣು ಎಲ್ಲ ಕಡೆ ಒಣಗಿ ಬಿರಿದಿತ್ತು, ಬೆರಳಲ್ಲಿ ತಿಕ್ಕಿದರೆ ಪುಡಿಯಾಗುತ್ತಿತ್ತು. ತಳದ ನಟ್ಟನಡುವೆ ಮಾತ್ರ, ಸೌದೆಯೊಲೆಯ ಹಂಡೆಯ ಬಾಯಿಯಷ್ಟಗಲದ ಒಂದು ಗುಂಡಗಿನ ಜಾಗದಲ್ಲಿ, ಮಣ್ಣು ಹಸಿಯಾಗಿತ್ತು. ಈಗ ತಾನೇ ಕಲಸಿ ಇಟ್ಟಷ್ಟು ಹಸಿ. ಯಾರೋ ಹೆಬ್ಬೆರಳಲ್ಲಿ ಒತ್ತಿದ ಗುರುತು ಅದರಲ್ಲಿ ಹೊಳೆಯುತ್ತಿತ್ತು.

ಬೆಂಕಿಯಂಥ ಲೋಹ ವಾರಗಟ್ಟಲೆ ಇದರ ಮೇಲೆ ಕೂತಿತ್ತು. ಹಸಿ ಉಳಿಯುವುದೆಂದರೇನು?

ಆ ಊರಿನಲ್ಲಿ ಇಂಥದಕ್ಕೆ ಕಾರಣ ಒಂದೇ, ಅದು ಸುಳಿ. ನೀರಿನಲ್ಲಿ ಸುಳಿ ಬೀಳುವ ಹಾಗೆ ಆ ಊರಿನ ಹೊತ್ತಿನಲ್ಲೂ ಸುಳಿ ಬೀಳುತ್ತಿತ್ತು. ಸುಳಿ ಬಿದ್ದ ಜಾಗದಲ್ಲಿ ಹೊತ್ತು ಮುಂದಕ್ಕೆ ಹೋಗುವುದಿಲ್ಲ, ನಿಂತಲ್ಲೇ ಸುತ್ತು ಹಾಕುತ್ತದೆ. ಅಂಚೆ ಕಚೇರಿಯ ಹಿಂದಿನ ಮೂಲೆಯಲ್ಲಿ ಒಂದು ಹಳದಿ ಎಲೆ ಇಕ್ಕಳ ಹುಟ್ಟುವ ಮೊದಲಿನಿಂದ ಬೀಳುತ್ತಲೇ ಇದೆ. ನೆಲ ಮುಟ್ಟುವಷ್ಟರಲ್ಲಿ ಮತ್ತೆ ಮೇಲಿರುತ್ತದೆ, ಮತ್ತೆ ಅದೇ ವಾಲಾಟದಲ್ಲಿ ಇಳಿಯುತ್ತದೆ. ಊರಾಡಳಿತ ಅದಕ್ಕೊಂದು ಕಬ್ಬಿಣದ ಬೇಲಿ ಹಾಕಿತ್ತು. ಹಾಲಿನವಳು ಕದ್ದು ಆ ಬೇಲಿಯೊಳಗೆ ಕ್ಯಾನು ಇಡುತ್ತಿದ್ದಳು, ಹಾಲು ಕೆಡುವುದಿಲ್ಲವಲ್ಲ.

ಆದರೆ ಸುಳಿ ಎಲ್ಲಿ ಬಿತ್ತೋ ಅಲ್ಲೇ ಇರುವಂಥದ್ದು. ಅದು ನಡೆದಾಡಿದ್ದನ್ನು ಕಂಡವರಿಲ್ಲ. ಇಕ್ಕಳ ಒಂದು ಹೆಂಟೆ ಎತ್ತಿ ಹಸಿ ಮಣ್ಣಿನ ಮೇಲೆ ಹಾಕಿದಳು. ಹೆಂಟೆ ತೆಪ್ಪಗೆ ಬಿತ್ತು, ಬಿದ್ದಲ್ಲೇ ಇತ್ತು. ಈಗ ಇಲ್ಲಿ ಸುಳಿ ಇರಲಿಲ್ಲ. ಇದ್ದದ್ದು ಎದ್ದು ಹೋಗಿತ್ತು.

ಅವಳು ಹಸಿಯ ಅಂಚನ್ನು ಬೆರಳಿನಿಂದ ಸವರಿದಳು. ಅಂಚಿನುದ್ದಕ್ಕೂ ಒಂದು ದುಂಡನೆಯ ಅಚ್ಚೊತ್ತಿತ್ತು, ಒಳಗೆ ತೆಳ್ಳಗೆ, ಹೊರಗೆ ದಪ್ಪ. ಗಂಟೆಯ ಮನೆಯಲ್ಲಿ ಹುಟ್ಟಿದವರಿಗೆ ಆ ತುಟಿಯನ್ನು ಗುರುತಿಸಲು ದೀಪ ಬೇಕಿಲ್ಲ. ಯಾರೋ ಒಂದು ಗಂಟೆಯನ್ನು ಅದರ ಬಾಯಿಗೆ ಮಣ್ಣು ತುಂಬಿ, ಬಾಯಿ ಮೇಲಾಗಿ ಇಲ್ಲಿ ಹೂತಿದ್ದರು. ಅದರ ಮೇಲೆ ಅಕ್ಕನ ಅಚ್ಚು ಕೂತಿತ್ತು.

ಗಂಟೆಯೊಳಗೆ ಸುಳಿ! ಹೊತ್ತೇ ಮುಂದೆ ಹೋಗದಿದ್ದರೆ ಲೋಹದ ಎದೆ ಆರುವುದು ಹೇಗೆ? ಹೊರಗೆ ಅಕ್ಕ ವಾರಗಳನ್ನು ಎಣಿಸಿ ಕಾದಳು. ಒಳಗೆ ಆ ಬಿಸಿ, ಎರೆದ ಕ್ಷಣವನ್ನೇ ಸುತ್ತುತ್ತಿತ್ತು. ಮೈ ತಣ್ಣಗೆ, ಎದೆ ಕೆಂಡ. ಮೊದಲ ಪೆಟ್ಟಿಗೆ ಸೀಳದೆ ಇನ್ನೇನಾದೀತು?

ಅಕ್ಕ ಸರಿ ಇದ್ದಳು. ಅಕ್ಷರಶಃ ಸರಿ ಇದ್ದಳು. ಇಕ್ಕಳ ಏಣಿ ಹತ್ತಿ ಮೇಲೆ ಬಂದದ್ದು ಅವಳಿಗೇ ತಿಳಿಯಲಿಲ್ಲ.

ಕಾರ್ಖಾನೆಯ ಗೋಡೆಯುದ್ದಕ್ಕೂ ಸೋತ ಗಂಟೆಗಳ ಸಾಲಿತ್ತು. ಬಿರುಕು ಬಿಟ್ಟವು, ದನಿ ಕೆಟ್ಟವು, ಮತ್ತೆ ಕರಗಲು ಕಾಯುತ್ತಿರುವವು. ಎರಕದವರ ಮನೆಗಳಲ್ಲಿ ಒಂದು ಕಟ್ಟಳೆ ಇದೆ. ಬೆಳಿಗ್ಗೆ ಬಾಗಿಲು ತೆಗೆದವರು ಮರದ ಕೊಡತಿ ಹಿಡಿದು ಒಳಗಿರುವ ಪ್ರತಿ ಗಂಟೆಗೂ ಒಂದೊಂದು ಪೆಟ್ಟು ಕೊಟ್ಟೇ ಕೆಲಸ ಶುರುಮಾಡಬೇಕು. ಇದಕ್ಕೆ ಗಂಟೆ ಮಾತಾಡಿಸುವುದು ಎನ್ನುತ್ತಾರೆ. ಯಾಕೆ ಎಂದು ಕೇಳಿದರೆ, ಸೋತವರನ್ನು ಮಾತಾಡಿಸದೆ ಗೆದ್ದವರ ಹತ್ತಿರ ಹೋಗುವುದು ಮರ್ಯಾದೆಯಲ್ಲ ಎಂದು ಅಪ್ಪ ಹೇಳುತ್ತಿದ್ದ.

ಮರ್ಯಾದೆಯ ಮಾತು ಆಮೇಲೆ ಸೇರಿದ್ದು ಎಂದು ಇಕ್ಕಳನಿಗೆ ಈಗ ಹೊಳೆಯಿತು. ಯಾವ ಕಾಲದಲ್ಲೋ ಯಾರೋ ತಿಳಿದವರು ಈ ಕಟ್ಟಳೆ ಮಾಡಿದ್ದರು. ಸುಮ್ಮನೆ ಬಿಟ್ಟ ಗಂಟೆಯ ಹೊಟ್ಟೆಯಲ್ಲಿ ಹೊತ್ತು ಸುಳಿಗಟ್ಟುತ್ತದೆ. ದಿನಕ್ಕೊಂದು ಪೆಟ್ಟು ಅದನ್ನು ಒಡೆಯುತ್ತದೆ.

ಹಾಗಾದರೆ ಮಾತಾಡಿಸದೆ ಬಿಟ್ಟ ಗಂಟೆ ಯಾವುದು? ಈ ಸಾಲಿನಲ್ಲಿ ಒಂದೂ ಇರಲಾರದು. ಅಕ್ಕ ಜ್ವರ ಬಂದ ದಿನವೂ ಕಂಬಳಿ ಹೊದ್ದು ಬಂದು ಕೊಡತಿ ಆಡಿಸಿ ಹೋಗುವವಳು.

"ಮೈಯೆಲ್ಲ ಮಣ್ಣು. ಪತ್ತೇದಾರಳೋ ಎಮ್ಮೆಯೋ? ಬಾ ಇಲ್ಲಿ," ಎಂದು ಅಮ್ಮ ಇಕ್ಕಳನನ್ನು ಮೆಟ್ಟಿಲ ಮೇಲೆ ಕೂರಿಸಿ, ತಾನು ಕೆಳಗಿನ ಮೆಟ್ಟಿಲಲ್ಲಿ ಕೂತು ಅವಳ ಮಂಡಿಯ ಮಣ್ಣು ಒರೆಸತೊಡಗಿದಳು.

ಅಮ್ಮನ ಕೂದಲು ಊರಿಗೇ ಹೆಸರಾದದ್ದು. ಮೊಮ್ಮಕ್ಕಳನ್ನು ಕಾಣುವ ವಯಸ್ಸಿನಲ್ಲೂ ಕಾಡಿಗೆಗಪ್ಪು, ಮುಖದಲ್ಲಿ ಒಂದು ಗೆರೆಯಿಲ್ಲ. ಯಾವ ಎಣ್ಣೆ ಎಂದು ಬೀದಿಯ ಹೆಂಗಸರು ಕೇಳಿದರೆ, "ನಮ್ಮ ಮನೆತನವೇ ಹಾಗೆ" ಎಂದು ಗತ್ತಿನಿಂದ ಮುಂದೆ ಹೋಗುವಳು. ಅವಳ ತಂಗಿಗೆ ಪೂರ್ತಿ ನರೆತಿದ್ದರಿಂದ ಆ ಮಾತು ಚಿಕ್ಕಮ್ಮನಿಗೆ ಮಾತ್ರ ಹಿಡಿಸುತ್ತಿರಲಿಲ್ಲ.

ಮಂಡಿ ಒರೆಸುತ್ತಿದ್ದ ಅಮ್ಮನ ಕೈಗಳನ್ನು ಇಕ್ಕಳ ನೋಡಿದಳು. ಸುಕ್ಕುಗಟ್ಟಿದ, ನರ ಎದ್ದ, ಮುದುಕಿಯ ಕೈಗಳು. ಮುಖ ಒಬ್ಬಳದು, ಕೈ ಇನ್ನೊಬ್ಬಳದು. ಎಷ್ಟೋ ವರ್ಷಗಳಿಂದ ದಿನವೂ ಕಂಡದ್ದಾದ್ದರಿಂದ ಅವಳಿಗೆ ಇದು ವಿಚಿತ್ರವೆಂದೇ ಅನಿಸಿರಲಿಲ್ಲ.

ಆಮೇಲೆ ಅಮ್ಮ ತಲೆ ಬಗ್ಗಿಸಿದಳು. ಬೈತಲೆಯ ಎರಡೂ ಬದಿಗೆ, ಕೂದಲ ಬುಡದಲ್ಲಿ, ಒಂದು ಬೆರಳಗಲ ಬೆಳ್ಳಗಿತ್ತು.

ಆ ಬಿಳುಪು ಬೆಳೆಯಲು ಹಿಡಿದ ವಾರಗಳು ಯಾವುವು? ಅಕ್ಕನ ಗಂಟೆ ಗುಂಡಿಯಲ್ಲಿ ಆರುತ್ತಿದ್ದ ವಾರಗಳೇ.

"ಅಮ್ಮಾ," ಎಂದಳು, ಅಮ್ಮನಿಗೆ ಕೇಳುವಷ್ಟು ಗಟ್ಟಿಯಾಗಿ, "ಮಧ್ಯಾಹ್ನ ಊಟ ಆದ್ಮೇಲೆ ಉಗ್ರಾಣದ ಬಾಗಿಲು ಹಾಕ್ಕೊಂಡು ಏನು ಮಾಡ್ತೀಯ?"

"ಮಲಗ್ತೀನಿ. ವಯಸ್ಸಾಗಿಲ್ವಾ?"

"ಅಲ್ಲಿ ಹಾಸಿಗೆ ಇಲ್ಲ. ಚಾಪೆ ಇಲ್ಲ. ಕೂರೋಕೆ ಜಾಗ ಕೂಡ ಇಲ್ಲ."

"ನಿಂತ್ಕೊಂಡು ಮಲಗ್ತೀನಿ. ನಿನಗೇನು?"

"ಅಪ್ಪನ ಗಂಟೆ ಇದೆ ಅಲ್ಲಿ."

ಅಮ್ಮ ಎರಡೂ ಕೈಗಳಿಂದ ತನ್ನ ಬೈತಲೆ ಮುಚ್ಚಿಕೊಂಡಳು. ಸಿಕ್ಕಿಬಿದ್ದ ಹುಡುಗಿಯ ಹಾಗೆ ಕಂಡಳು. ಇಕ್ಕಳನಿಗೆ ಅವಳನ್ನು ತಬ್ಬಿಕೊಳ್ಳಬೇಕೆನಿಸಿತು, ಆದರೆ ಅಮ್ಮ ಆಗಲೇ ಎದ್ದು ಸೊಂಟದ ಬೀಗದ ಕೈ ಬಿಚ್ಚುತ್ತಿದ್ದಳು.

ಉಗ್ರಾಣದ ತೊಲೆಯಿಂದ ಅಪ್ಪನ ಕೊನೆಯ ಗಂಟೆ ತೂಗುತ್ತಿತ್ತು, ಒಬ್ಬರು ಅದರಡಿ ನಿಂತರೆ ತಲೆ ಒಳಗೆ ಹೋಗುವಷ್ಟು ಎತ್ತರದಲ್ಲಿ. ಅಮ್ಮನ ತಲೆಗೆ ಆಗದ ವಯಸ್ಸು ಕೈಗೆ ಮಾತ್ರ ಆದದ್ದು ಯಾಕೆಂದು ಇಕ್ಕಳನಿಗೆ ತಿಳಿಯಿತು. ಅದಕ್ಕೆ ನಾಲಿಗೆ ಕಟ್ಟುವ ಮೊದಲೇ ಅಪ್ಪ ಹೋಗಿಬಿಟ್ಟಿದ್ದ. ಗಂಟೆ ಮುಗಿದ ದಿನವೇ ಗಂಟೆ ಎತ್ತುವ ಸರಪಳಿ ಜಾರಿ ಗುಂಡಿಗೆ ಬಿದ್ದಿದ್ದ. ಆ ದುಃಖದಲ್ಲಿ ಅಮ್ಮ ಒಂದು ಮಾತು ಹೇಳಿದ್ದಳು: ಇದನ್ನು ಯಾರೂ ಮುಟ್ಟಬೇಡಿ, ಅವರ ಗಂಟೆ ಸುಮ್ಮನಿರಲಿ. ಕಟ್ಟಳೆ ಮುರಿಯುತ್ತಿದ್ದೇವೆ ಎಂದು ಆ ಮನೆಯಲ್ಲಿ ಯಾರಿಗೂ ಅನಿಸಿರಲಿಲ್ಲ. ಪ್ರೀತಿಯಿಂದ ಮಾಡಿದ ತಪ್ಪು ತಪ್ಪಿನ ಹಾಗೆ ಕಾಣುವುದೂ ಇಲ್ಲ.

ಇಕ್ಕಳ ನೆಲದಿಂದ ಒಂದು ಚಿಟಿಕೆ ಮರದ ಹೊಟ್ಟು ತೆಗೆದು ಗಂಟೆಯೊಳಗೆ ಮೇಲಕ್ಕೆ ತೂರಿದಳು. ಕಣ್ಣು ಕಿರಿದು ಮಾಡಿ ಕಾದಳು. ಮುಖದ ಮೇಲೆ ಒಂದು ಕಣವೂ ಬೀಳಲಿಲ್ಲ. ಬಗ್ಗಿ ನೋಡಿದರೆ ಹೊಟ್ಟು ಮೇಲೇರಿ, ತಿರುಗಿ, ತುಟಿಯವರೆಗೆ ಇಳಿದು, ಮತ್ತೆ ಮೇಲೇರುತ್ತಿತ್ತು. ಒಳಗೋಡೆಗೆ ಅಂಟಿದ್ದ ಗುಂಡಿಯ ಮಣ್ಣು ಹಸಿಯಾಗಿತ್ತು.

"ಅದರೊಳಗೆ ನಿಮ್ಮಪ್ಪ ಮಾತಾಡ್ತಾರೆ," ಎಂದಳು ಅಮ್ಮ.

ಇಕ್ಕಳ ಹೊಟ್ಟಿನಿಂದ ಕಣ್ಣು ತೆಗೆದು ಅಮ್ಮನ ಕಡೆ ತಿರುಗಿದಳು.

"ಕೊನೇ ದಿನ ಇದರ ಹತ್ತಿರ ನಿಂತು ಏನೋ ಅಂದಿದ್ದಾರೆ. ಅದೇ ಸುತ್ತುತ್ತಾ ಇದೆ. ಏನು ಅಂತ ಈ ಕಿವಿಗೆ ಗೊತ್ತಾಗಲ್ಲ ಕಣೇ, ದನಿ ಗೊತ್ತಾಗುತ್ತೆ. ಖುಷಿಯಾಗಿದ್ದಾರೆ. ಯಾವುದಕ್ಕೋ ಹೆಮ್ಮೆಪಡ್ತಾ ಇದ್ದಾರೆ. ನನಗೆ ಅಷ್ಟು ಸಾಕು." ಅಮ್ಮ ಗಂಟೆಯನ್ನು ಮೆಲ್ಲಗೆ ಸವರಿದಳು. "ಎರಕದ ಹಿಂದಿನ ದಿನ ಇದು ಇಲ್ಲಿರಲಿಲ್ಲ. ಯಾರನ್ನ ಕೇಳಲಿ? ಕೇಳಿದ್ರೆ ಯಾಕೆ ಅಂತ ಹೇಳಬೇಕಲ್ಲ. ಆಮೇಲೆ ಒಂದು ದಿನ ನೋಡ್ತೀನಿ, ತನ್ನ ಪಾಡಿಗೆ ತೂಗ್ತಾ ಇದೆ."

"ನಾನೇ ತಂದು ತೂಗುಹಾಕಿದೆ."

ಬಾಗಿಲಲ್ಲಿ ಅಕ್ಕ ನಿಂತಿದ್ದಳು. ಕುಲುಮೆಯ ಮುಂದುಡುಪು ತೊಟ್ಟು, ಸೊಂಟದಲ್ಲಿ ಸುತ್ತಿಗೆ ಸಿಕ್ಕಿಸಿಕೊಂಡು, ಇವತ್ತು ಅದನ್ನು ಕಳೆದುಕೊಳ್ಳುವವಳ ಹಾಗೆ ಅವಳು ಕಾಣುತ್ತಿರಲಿಲ್ಲ.

"ಗೋಪುರದಲ್ಲಿ ಗಂಟೆ ಸೀಳಿದ ದಿನ ಬಂದು ಗುಂಡಿ ಕೆದಕಿದೆ. ತಳದಲ್ಲಿ ಸಿಕ್ತು. ಒಳಗಿನ ಮಣ್ಣು ಮುಟ್ಟಿದ ಕೂಡಲೇ ಎಲ್ಲ ಅರ್ಥ ಆಯ್ತು. ಆ ಮಣ್ಣನ್ನ ಅಲ್ಲೇ ಬೋರಲು ಸುರಿದು ಇದನ್ನ ತಂದೆ."

"ಗೊತ್ತಿದ್ದೂ ಸಭೆಯಲ್ಲಿ ಹೇಳಲಿಲ್ವಾ?"

ಅಕ್ಕ ದನಿ ತಗ್ಗಿಸಿದಳು. "ಹೇಳಿದ್ರೆ ಸಂಘದವರು ಬಂದು ಇದನ್ನ ಬಾರಿಸ್ತಾರೆ, ಅದು ನಿಯಮ. ಒಂದು ಪೆಟ್ಟಿಗೆ ಅಪ್ಪ ಹೋಗ್ತಾರೆ. ಅಮ್ಮ ಇದರೊಳಗೆ ಅವರನ್ನ ಕೇಳೋದು ಬಾಗಿಲ ಸಂದಿಯಿಂದ ಕಂಡಿದ್ದೆ, ನಾನು ಮಾತ್ರ ಒಳಗೆ ತಲೆ ಇಟ್ಟವಳಲ್ಲ. ಸುತ್ತಿಗೆ ಹೋದ್ರೆ ನನ್ನದು ಮಾತ್ರ ಹೋಗುತ್ತೆ. ಅಮ್ಮನಿಗೆ ಕೇಳಿಸೋ ಹಾಗೆ ಮಾತಾಡಬೇಡ."

"ನನಗೆ ಕಿವಿ ಮಂದ, ಬುದ್ಧಿ ಮಂದ ಅಲ್ಲ," ಎಂದಳು ಅಮ್ಮ. "ನಿನ್ನ ತುಟಿ ನೋಡಿದ್ರೆ ಸಾಕು ನನಗೆ. ನಾನು ಸತ್ತವರ ದನಿ ಕೇಳ್ಕೊಂಡು ಕೂತರೆ, ಬದುಕಿರೋ ಮಗಳು ಕೈ ಕಟ್ಕೊಂಡು ಕೂರೋದಾ? ಕರೀರಿ ನಿಮ್ಮ ದೊಡ್ಡಪ್ಪನ್ನ. ಬಾರಿಸಲಿ."

ಆ ಇಬ್ಬರ ನಡುವೆ ನಿಂತ ಇಕ್ಕಳನಿಗೆ, ತಾನು ಹುಟ್ಟಿದ ಮನೆ ಸಣ್ಣದಲ್ಲ ಎನಿಸಿತು.

ದೊಡ್ಡಪ್ಪ ಎಂದರೆ ಸಂಘದ ಹಿರಿಯರು, ಊರು ಬೆಳ್ಳಿಮೀಸೆ ಎಂದು ಕರೆಯುತ್ತಿದ್ದವರು. ಅಪ್ಪನ ಜೊತೆ ಒಂದೇ ಕುಲುಮೆಯಲ್ಲಿ ಕಲಿತವರು. ಕರೆಯುವ ಮೊದಲೇ ಬಂದರು. ಸುತ್ತಿಗೆ ಒಯ್ಯಲು ಹೇಗೂ ಬರಬೇಕಿತ್ತು.

ಇಕ್ಕಳ ಅವರ ಮುಂದೆ ಹೊಟ್ಟು ತೂರಿ ತೋರಿಸಿದಳು. ಗುಂಡಿಯ ಹಸಿ ಮಣ್ಣನ್ನೂ ತಂದು ತೋರಿಸಿದಳು. ಬೆಳ್ಳಿಮೀಸೆ ನೋಡಿದರು, ಮೀಸೆ ತೀಡಿದರು, ತಲೆಯಾಡಿಸಿದರು.

"ಒಪ್ಪಿದೆ. ಹುಡುಗಿಯ ತಪ್ಪಿಲ್ಲ. ಸುತ್ತಿಗೆ ಅವಳ ಹತ್ತಿರವೇ ಇರಲಿ."

ಅಕ್ಕ ಗೋಡೆಗೆ ಒರಗಿದಳು. ಇಷ್ಟು ದಿನ ನೆಟ್ಟಗೆ ನಿಂತಿದ್ದ ಅವಳ ಬೆನ್ನು ಈಗ ಬಾಗಿತು.

"ಆದ್ರೆ ನಿಯಮ ನಿಯಮವೇ," ಎನ್ನುತ್ತ ಅವರು ಗೋಡೆಯ ಮೇಲಿನ ಕೊಡತಿ ತೆಗೆದುಕೊಂಡರು. "ಮಾತಾಡಿಸದ ಗಂಟೆ ಸಿಕ್ಕಿದ್ರೆ ಬೀದಿ ದೀಪ ಹಚ್ಚೋದ್ರೊಳಗೆ ಸಂಘದ ಹಿರಿಯನೇ ಬಾರಿಸಬೇಕು. ಬಾರಿಸಬೇಡಿ ಅಂದ್ರೆ ಮನೆಯ ಸುತ್ತಿಗೆ ಸಂಘಕ್ಕೆ. ಏನಮ್ಮಾ, ಸರಿ ತಾನೇ?"

ಅಮ್ಮ ತಲೆಯಾಡಿಸಿದಳು.

ಬೆಳ್ಳಿಮೀಸೆ ಗಂಟೆಯ ಮೈ ಮೇಲೆ ಕೈಯಿಟ್ಟು ನಿಟ್ಟುಸಿರಿಟ್ಟರು. "ಎಂಥ ಎರಕ! ಇಂಥ ಕೈ ಮತ್ತೆ ಹುಟ್ಟಲ್ಲ. ಅವನು ಬಿದ್ದ ದಿನ ನಾನು ತವರ ತರೋಕೆ ಅಂತ ಬೇರೆ ಊರಿಗೆ ಹೋಗದೆ ಇಲ್ಲೇ ಇದ್ದಿದ್ರೆ..." ಈ ಮಾತನ್ನು ಅವರು ಪ್ರತಿ ಸಲ ಹೇಳುತ್ತಿದ್ದರು. ಪ್ರತಿ ಸಲವೂ ಅಮ್ಮನ ಕಣ್ಣು ಒದ್ದೆಯಾಗುತ್ತಿತ್ತು.

ಎಲ್ಲ ಬೆಣ್ಣೆಯಲ್ಲಿ ಕೂದಲು ತೆಗೆದಷ್ಟು ಸಲೀಸಾಗಿ ಮುಗಿಯುತ್ತಿತ್ತು. ಇಕ್ಕಳನಿಗೆ ಆ ಸಲೀಸೇ ಚುಚ್ಚಿತು.

"ದೊಡ್ಡಪ್ಪ, ನೀವೊಂದು ಪ್ರಶ್ನೆ ಕೇಳಲಿಲ್ಲ."

"ಯಾವುದು?"

"ಇದನ್ನ ಗುಂಡಿಗೆ ಇಟ್ಟಿದ್ದು ಯಾರು ಅಂತ."

ಕೊಡತಿ ಅರೆಕ್ಷಣ ನಿಂತಿತು. "ಪತ್ತೇದಾರಿಕೆ ನಿನ್ನದು. ನಾನ್ಯಾಕೆ ಕೇಳಲಿ?"

"ಒಂದು ಚಿಟಿಕೆ ತವರ ಕಡಿಮೆಯಾದ್ರೆ ಊರೆಲ್ಲ ನಿಲ್ಲಿಸಿ ಕೇಳೋರು ನೀವು."

"ಅಕ್ಕನ ಮೇಲಿನ ಹೊಟ್ಟೆಕಿಚ್ಚಿಗೆ ಯಾರೋ ಇಟ್ಟಿರ್ತಾರೆ."

"ಅಲ್ಲ ದೊಡ್ಡಪ್ಪ. ಹೊಸ ಗಂಟೆ ಕೆಡಿಸಬೇಕಿದ್ರೆ ಅಚ್ಚಿಗೆ ಒಂದು ಲೋಟ ನೀರು ಸುರಿದ್ರೆ ಸಾಕಿತ್ತು. ಇಟ್ಟವನಿಗೆ ಕೆಡಿಸಬೇಕಿದ್ದದ್ದು ಹೊಸದಲ್ಲ, ಹಳೇದು. ಬಾರಿಸಿದ್ರೆ ಬೀದಿಗೆಲ್ಲ ಕೇಳಿಸುತ್ತೆ. ಒಡೆದ್ರೂ ಕೇಳಿಸುತ್ತೆ. ಕರಗಿದ ಲೋಹದ ಬುಡದಲ್ಲಿಟ್ರೆ ಸದ್ದಿಲ್ಲದೆ ಸೀಳುತ್ತೆ ಅಂದ್ಕೊಂಡ. ಸುಳಿ ಅದನ್ನ ಕಾಪಾಡುತ್ತೆ ಅಂತ ಅವನಿಗೆ ಹೊಳೀಲಿಲ್ಲ."

"ಗಂಟೆಯನ್ನ ಯಾರಾದ್ರೂ ಕೊಲ್ತಾರಾ? ಹುಚ್ಚು!"

"ಅದೇ ನನ್ನ ಪ್ರಶ್ನೆ. ಒಂದು ಗಂಟೆಯನ್ನ ಯಾಕೆ ಕೊಲ್ಲಬೇಕು? ಅದರೊಳಗೆ ಏನಿದೆ?" ಇಕ್ಕಳ ಗಂಟೆಯ ಕೆಳಗೆ ಬಂದು ನಿಂತಳು. "ಬಾರಿಸೋ ಮೊದಲು ನಾನೊಂದು ಸಲ ಅಪ್ಪನ್ನ ಕೇಳ್ತೀನಿ."

"ಹೊತ್ತಾಗ್ತಿದೆ. ದೀಪದವನು ಬೀದಿ ತುದಿಗೆ ಬಂದಿದ್ದಾನೆ."

"ಕೇಳಲಿ," ಎಂದಳು ಅಮ್ಮ, ಎಂದಿನ ದನಿಯಲ್ಲಿ, ಸೂರು ಅದುರುವಂತೆ. "ಮಗಳು ಅಪ್ಪನ್ನ ಕೇಳ್ತೀನಿ ಅಂದ್ರೆ ಬೇಡ ಅನ್ನೋಕೆ ನೀವ್ಯಾರು?"

ಬೆಳ್ಳಿಮೀಸೆ ಕೊಡತಿ ಇಳಿಸಿದರು. ಇಕ್ಕಳ ತಲೆಯನ್ನು ಗಂಟೆಯೊಳಗೆ ಇಟ್ಟಳು.

ಹೊರಗಿನ ಸದ್ದೆಲ್ಲ ನಿಂತಿತು. ಕಂಚಿನ ವಾಸನೆ, ಹಸಿ ಮಣ್ಣಿನ ವಾಸನೆ. ಮೂಗಿನ ಮುಂದೆ ಹೊಟ್ಟು ಏರಿ ಇಳಿಯುತ್ತಿತ್ತು. ಆಮೇಲೆ, ಕಿವಿಯ ಪಕ್ಕದಲ್ಲೇ, ಎಷ್ಟೋ ವರ್ಷಗಳ ಮೇಲೆ, ಅಪ್ಪ.

"ಒಂದು ಗುಳ್ಳೆ ಇಲ್ಲ ನೋಡು! ನನ್ನ ಎರಕ ಅಂದ್ಕೊಂಡೆಯಾ? ಅಲ್ಲ ಕಣಯ್ಯಾ. ನನ್ನ ದೊಡ್ಡ ಮಗಳದ್ದು. ಸುತ್ತಿಗೆ ಸಿಗೋ ಮೊದಲೇ ಎರೆದಿದ್ದಾಳೆ. ನಾಳೆ ಸಂಘದ ಮುಂದೆ ನಿಂತು ಹೇಳ್ತೀನಿ, ಇವಳ ಮುಂದೆ ನಾನೂ ಇಲ್ಲ, ನೀನೂ ಇಲ್ಲ ಅಂತ."

ಇಕ್ಕಳನ ಕಣ್ಣು ತುಂಬಿ ಬಂತು. ಊರೆಲ್ಲ ಅಪ್ಪನದೆಂದು ಹೊಗಳಿದ ಗಂಟೆ ಅಕ್ಕನದು! ಹುಡುಗಿಯಾಗಿದ್ದಾಗಲೇ ಎರೆದದ್ದು. ಅಪ್ಪನ ಕೊನೆಯ ಗಂಟೆ ಎಂದು ಅಮ್ಮ ಎದೆಗಪ್ಪಿಕೊಂಡದ್ದನ್ನು ಕಂಡು, ಅದು ತನ್ನದು ಎಂದು ಅಕ್ಕ ಇಷ್ಟು ವರ್ಷ ಒಂದು ಮಾತು ಆಡಿರಲಿಲ್ಲ. ಅವಳು ಅವಸರಪಟ್ಟಳು ಎಂದು ಸಂಘ ತೀರ್ಪು ಕೊಟ್ಟ ದಿನವೂ ಆಡಿರಲಿಲ್ಲ.

ಆಗ ಎರಡನೆಯ ದನಿ ಕೇಳಿತು. ತಗ್ಗಿದ ದನಿ. ಅಮ್ಮನ ಮಂದ ಕಿವಿಗೆ ಎಂದೂ ಮುಟ್ಟದ ದನಿ.

"ನಾಳೆ ನೀನಿದ್ರೆ ತಾನೇ."

ಆಮೇಲೆ ಸರಪಳಿ ಝಣಝಣ ಜಾರಿದ ಸದ್ದು. ಆಮೇಲೆ ಮತ್ತೆ ಅಪ್ಪನ ನಗು, "ಒಂದು ಗುಳ್ಳೆ ಇಲ್ಲ ನೋಡು!"

ಇಕ್ಕಳ ಮತ್ತೊಂದು ಸುತ್ತು ಕೇಳಿದಳು. ಮತ್ತೊಂದು. ಸಂದೇಹವಿರಲಿಲ್ಲ. ಹೊತ್ತಾಗ್ತಿದೆ ಎಂದು ಈಗ ತಾನೇ ಹೊರಗೆ ಹೇಳಿದ ಗಂಟಲೇ ಅದು, ವಯಸ್ಸಿನಲ್ಲಿ ಮಾತ್ರ ಚಿಕ್ಕದು. ಆ ದಿನ ಬೆಳ್ಳಿಮೀಸೆ ಯಾವ ಊರಿಗೂ ಹೋಗಿರಲಿಲ್ಲ.

ಅವಳು ತಲೆ ಹೊರಗೆಳೆದಾಗ ಕಿಟಕಿಯಾಚೆ ದೀಪದವನ ಏಣಿ ಕಂಬಕ್ಕೆ ಒರಗಿತ್ತು. ಬೆಳ್ಳಿಮೀಸೆ ಕೊಡತಿ ಎತ್ತಿ ಹಿಡಿದು ಗಂಟೆಯ ಮಗ್ಗುಲಲ್ಲೇ ನಿಂತಿದ್ದ.

"ಸಾಕಾ?" ಎಂದ.

ಒಂದು ಪೆಟ್ಟು. ಅಷ್ಟಾದರೆ ಅಕ್ಕನ ಸುತ್ತಿಗೆ ಉಳಿಯುತ್ತದೆ, ಅಪ್ಪನ ಸಾಕ್ಷಿ ಅಳಿಯುತ್ತದೆ. ಕಾರಣ ಹೇಳಲು ಬಾಯಿ ತೆರೆದರೂ ಕೊಡತಿ ಇಳಿಯುತ್ತದೆ. ಇಕ್ಕಳನಿಗೆ ಯೋಚಿಸಲು ಹೊತ್ತಿರಲಿಲ್ಲ. ಅವಳು ಎರಡೂ ತೋಳು ಚಾಚಿ ಗಂಟೆಯನ್ನು ಅಪ್ಪಿಕೊಂಡು, ಮೈಯೆಲ್ಲ ಅದಕ್ಕೆ ಒತ್ತಿ ನಿಂತಳು. ಅಪ್ಪಿ ಹಿಡಿದ ಗಂಟೆಗೆ ಎಷ್ಟು ಹೊಡೆದರೂ ಅದು ದನಿ ಬಿಡುವುದಿಲ್ಲ. ಎರಕದ ಮನೆಯ ಮಕ್ಕಳಿಗೆ ಇದು ನಡೆಯಲು ಬರುವ ಮೊದಲೇ ಗೊತ್ತು.

"ಬಾರಿಸಬೇಡಿ."

"ಏನಂದೆ?"

"ಬಾರಿಸಬೇಡಿ ಅಂದೆ."

ಹೊರಗೆ ಮೊದಲ ದೀಪ ಹೊತ್ತಿಕೊಂಡಿತು. ಕಂಚಿನ ಮೈ ಮೇಲೆ ಹಳದಿ ಬೆಳಕು ಬಿತ್ತು.

"ಈ ಮಾತಿಗೆ ಬೆಲೆ ಏನು ಗೊತ್ತಲ್ಲ?" ಅವನ ದನಿ ಸಣ್ಣಗಾಯಿತು. "ನಿನ್ನಕ್ಕನ ಸುತ್ತಿಗೆ. ಬದುಕಿರೋವರೆಗೆ."

ಇಕ್ಕಳ ಅಕ್ಕನ ಕಡೆ ತಿರುಗಿದಳು. ಹೇಳಲಾರಳು, ಹೇಳದಿರಲಾರಳು.

ಅಕ್ಕ ತಂಗಿಯ ಮುಖವನ್ನು ನೋಡಿದಳು. ಗಂಟೆಯನ್ನು ಬಿಗಿದಪ್ಪಿದ ಆ ತೋಳುಗಳನ್ನು ನೋಡಿದಳು. ಯಾಕೆ ಎಂದು ಕೇಳಲಿಲ್ಲ. ಸೊಂಟದಿಂದ ಸುತ್ತಿಗೆ ತೆಗೆದು, ಹಿಡಿಯನ್ನು ಮುಂದುಡುಪಿಗೆ ಒಮ್ಮೆ ಒರೆಸಿ, ಅವನ ಕೈಗೆ ಇಟ್ಟಳು.

"ತಗೊಳ್ಳಿ. ನನ್ನ ತಂಗಿ ಏನಾದ್ರೂ ಹಿಡಿದ್ರೆ ಸುಮ್ಮನೆ ಹಿಡಿಯಲ್ಲ."

ಬಾಗಿದ್ದ ಅವಳ ಬೆನ್ನು ಮತ್ತೆ ನೆಟ್ಟಗಾಯಿತು. ಇಕ್ಕಳ ಅಳುತ್ತಿದ್ದಳು, ಆದರೆ ತೋಳು ಸಡಿಲಿಸಲಿಲ್ಲ.

ಈಗ ಅವನ ಒಂದು ಕೈಯಲ್ಲಿ ಕೊಡತಿ, ಇನ್ನೊಂದರಲ್ಲಿ ಸುತ್ತಿಗೆ. ಹೋಗಬೇಕಾದವನು ಹೋಗಲಿಲ್ಲ. ಗಂಟೆಯ ಹತ್ತಿರ ಬಂದು, ಅಮ್ಮನಿಗೆ ಕೇಳಿಸದ ಹಾಗೆ, ಇಕ್ಕಳನ ಕಿವಿಯ ಪಕ್ಕ ಬಗ್ಗಿದ. ಅದೇ ತಗ್ಗಿದ ದನಿ.

"ಒಳಗೆ ಏನು ಕೇಳಿಸ್ತು, ಮಗೂ?"

ಇಕ್ಕಳ ಪಕ್ಕಕ್ಕೆ ಕಣ್ಣು ಹೊರಳಿಸಿದಳು. ಗೋಡೆಯ ಪಕ್ಕ ನಿಂತ ಅಮ್ಮ ಅವನ ತುಟಿಗಳನ್ನೇ ನೋಡುತ್ತಿದ್ದಳು, ಕಣ್ಣು ಮಿಟುಕಿಸದೆ. ಆಮೇಲೆ ತನ್ನ ಮುದಿ ಕೈ ಚಾಚಿ, ಜನ್ಮದಲ್ಲಿ ಮೊದಲ ಬಾರಿಗೆ ಒಂದಿಷ್ಟೂ ಸದ್ದಾಗದಂತೆ, ಉಗ್ರಾಣದ ಬಾಗಿಲಿಗೆ ಒಳಗಿನಿಂದ ಅಗುಳಿ ಹಾಕಿದಳು.